ಮಯಿಲ್‌ಸಾಮಿಯ ಮೋಟಾರು

ಅಷ್ಟೂ ರಾದ್ಧಾಂತಕ್ಕೆ ಕಾರಣ ಒಂದು ಮೊಳ ಸೇವಂತಿಗೆ ಹೂವು.

ಪೈಕಾರಾ ಜಲಪಾತದ ಕರೆಂಟು ಅವಿನಾಶಿ ಕಡೆಗೆ ಬಂದ ಹೊಸತು. ನೇಕಾರರ ಕೇರಿಯ ಮಯಿಲ್‌ಸಾಮಿ, ನಾಲ್ಕನೇ ಕ್ಲಾಸಿಗೇ ಸ್ಕೂಲು ಬಿಟ್ಟವನು, ಎರಡು ವರ್ಷ ಬೆವರು ಸುರಿಸಿ ತನ್ನ ಕೈಯಾರೆ ಒಂದು ಮೋಟಾರು ಮಾಡಿದ್ದ. ಹತ್ತಿ ಗಿರಣಿಯ ಧಣಿ, ಮೊದಲಾಳಿ ಸೋಮಸುಂದರಂ, ಹೊಟ್ಟೆ ಕುಲುಕಿಸಿ ನಕ್ಕಿದ್ದ.

"ಮಗ್ಗದವನು ಮೋಟಾರು ಮಾಡ್ತಾನಂತೆ! ಸರಿ ತಂಬಿ, ನನ್ನ ಬಿಲಾತಿ ಮೋಟಾರಿನ ಪಕ್ಕದಲ್ಲೇ ಓಡಿಸು. ಮಧ್ಯಾಹ್ನದವರೆಗೆ ಹತ್ತಿ ಬಿಡಿಸೋ ಮಿಷಿನ್ನು ನಿಲ್ಲದಿದ್ರೆ, ಗಿರಣಿಗೆ ಬೇಕಾದ ಮೋಟಾರೆಲ್ಲ ನೀನೇ ಮಾಡು."

ಬೆಳಗಾದರೆ ಕೇರಿಗೆ ಕೇರಿಯೇ ಗಿರಣಿಯಲ್ಲಿ! ಜಾನಕಿಯಮ್ಮತ್ತೆ ಮಯಿಲ್‌ಸಾಮಿಯ ಮೋಟಾರಿಗೆ ಅರಿಶಿನ ಬಳಿದು ಹಾರವನ್ನೂ ಹಾಕಿದಳು.

"ತೆಗಿ ಅತ್ತೆ! ಸುತ್ತೋ ಮಿಷಿನ್ನು ಅದು!"

"ಸುಮ್ನಿರೋ ಮಯಿಲಾ. ಕುಲದೇವಿ ಸೌಡಮ್ಮನ ಹೂವು, ತೆಗೆದ್ರೆ ಕೇಡು."

ಅವಳ ಗಂಡ, ಗಿರಣಿಯ ಫಿಟ್ಟರ್ ಚೆನ್ನಕೇಶವನ್ ಮಾಮ, "ಅತ್ತೆ ಮಾತು ಕೇಳಪ್ಪಾ" ಎಂದ. ಕೇರಿಯೆಲ್ಲ ಹೂಂಗುಟ್ಟಿತು.

ಹತ್ತೂವರೆವರೆಗೆ ಎರಡೂ ಮೋಟಾರು ಜೋಡೆತ್ತಿನಂತೆ ಓಡಿದವು. ಆಮೇಲೆ ಹಾರ ಜಾರಿ ಬೆಲ್ಟಿಗೆ ಸಿಕ್ಕಿಕೊಂಡಿತು. ಬೆಲ್ಟು ಪಟಾರೆಂದು ಕಿತ್ತುಹೋಗಿ, ಸೇವಂತಿಗೆ ಎಸಳು ಮದುವೆ ಅಕ್ಷತೆಯಂತೆ ಮೊದಲಾಳಿಯ ಬೋಳುತಲೆಯ ಮೇಲೆ ಉದುರಿತು. ಮಿಷಿನ್ನು ನಿಂತಿತು.

"ನೋಡಿದ್ಯಾ? ಬಿಲಾತಿ ಬಿಲಾತಿಯೇ!"

ಮಯಿಲ್‌ಸಾಮಿಗೆ ಪಿತ್ತ ನೆತ್ತಿಗೇರಿತು. "ನಿಲ್ಲಿಸಿದ್ದು ಹೂವು, ನನ್ನ ಮೋಟಾರಲ್ಲ! ಎರಡನ್ನೂ ಬಿಚ್ಚಿಸಿ. ಯಾರ ಕೆಲಸ ಹೆಂಗಿದೆ ಅಂತ ಕಣ್ಣಾರೆ ನೋಡಿ!"

"ಬಿಚ್ಚೋದೆಲ್ಲ ಬೇಡಪ್ಪಾ," ಎಂದು ಮಾಮ ಅಡ್ಡ ಬಂದ. ಅವನ ಮುಖ ಅದ್ಯಾಕೋ ಒಗೆದ ಪಂಚೆಯಂತೆ ಬಿಳಿಚಿತ್ತು.

ಬಿಚ್ಚಿದರು. ಬಿಲಾತಿ ಮೋಟಾರಿನೊಳಗಿನ ತಂತಿ ಸುರುಳಿಗಳನ್ನು ಮಗ್ಗದ ನೂಲಿನಿಂದ ಬಿಗಿಯಲಾಗಿತ್ತು. ಕಡಿದ ಎಳೆಗೆ ಮಯಿಲ್‌ಸಾಮಿಯ ಅಜ್ಜಿ ಹಾಕುತ್ತಿದ್ದ ಎಡಗೈ ಗಂಟು! ಹೋದ ವರ್ಷ, ಪೊಳ್ಳಾಚಿಯ ಸ್ನೇಹಿತನ ಮೋಟಾರು ಸುಟ್ಟುಹೋಗಿದೆ ಎಂದು ಹೇಳಿ ಮಾಮ ಮಯಿಲ್‌ಸಾಮಿಯಿಂದಲೇ ಸುತ್ತಿಸಿಕೊಂಡು ಹೋದ ಸುರುಳಿಗಳವು.

"ಮೊದಲಾಳಿ, ಇದು ನಾನು ಸುತ್ತಿದ್ದು! ನಮ್ಮಜ್ಜಿ ಗಂಟು ಇದು! ಹೇಳು ಮಾಮಾ!"

ಮಾಮ ಸೂರು ನೋಡಿದ. "ಇದು ಸುಟ್ಟಾಗ ಮದರಾಸಲ್ಲಿ ಬಿಲಾತಿ ದೊರೆ ಕೈಲಿ ಸುತ್ತಿಸಿ ತಂದೆ ಅಂತ ಆವತ್ತೇ ಹೇಳಿದ್ನಲ್ಲ, ಮೊದಲಾಳಿ?"

ಸೋಮಸುಂದರಂ ಕನ್ನಡಕ ಏರಿಸಿ ಆ ಮೋಟಾರಿಗೆ ಬಗ್ಗಿದ, ಈ ಮೋಟಾರಿಗೆ ಬಗ್ಗಿದ. ಅದೇ ನೂಲು, ಅದೇ ಗಂಟು.

"ಅಡ ಪಾವಿ!" ಎಂದು ಮಯಿಲ್‌ಸಾಮಿಯ ಮೇಲೆ ಗುಡುಗಿದ. "ದೊರೆ ಮಾಡಿದ್ದನ್ನ ಕದ್ದು ನೋಡಿ, ಗಂಟು ಸಮೇತ ಹಂಗೇ ಇಳಿಸಿದ್ದೀಯಲ್ಲೋ!"