ಒಂದು ಹನಿಯ ಕರಾರು

ನಮ್ಮ ಕಾಕಾ ಅವರ ಮುಖವನ್ನು ಪೂರ್ತಿ ನೋಡಿದವರು ಇಂಡಿ ಊರಲ್ಲಿ ಹೆಚ್ಚು ಜನ ಇಲ್ಲ. ಬಹಳ ಮಂದಿ ನೋಡಿದ್ದು ಬರೀ ಗದ್ದ! ಯಾಕೆಂದರೆ ಯಾರ ಮನೆಗೆ ಹೋದರೂ ಅವರು ಮೊದಲು ಮೇಲೆ ನೋಡುತ್ತಾರೆ. ಸರಕಾರಿ ಕಟ್ಟಡಗಳ ಚಾವಣಿ ಸೋರುತ್ತದೆಯೋ ಇಲ್ಲವೋ ಎಂದು ತಪಾಸಣೆ ಮಾಡುವುದರಲ್ಲೇ ನೌಕರಿ ಮುಗಿಸಿದ ಎಂಜಿನಿಯರು. ಅವರಿಗೆ ಮನುಷ್ಯರಿಗಿಂತ ಸ್ಲ್ಯಾಬುಗಳ ಪರಿಚಯವೇ ಜಾಸ್ತಿ.

ನನಗೆ ಕನ್ಯೆ ನೋಡಲು ಬಸವನ ಬಾಗೇವಾಡಿಗೆ ಹೋದಾಗ ಹಿರಿಯರೆಂದು ಅವರನ್ನೂ ಕರೆದೊಯ್ದಿದ್ದೆವು. ಹುಡುಗಿ ಬಂದಳು, ಚಹಾ ಕೊಟ್ಟಳು, ನಮಸ್ಕಾರ ಮಾಡಿ ಒಳಗೆ ಹೋದಳು. ಹೊರಬಿದ್ದ ಮೇಲೆ ಅಪ್ಪ, "ಹೆಂಗ ಅನಸ್ತು?" ಎಂದು ಕೇಳಿದರು. ಕಾಕಾ ಗಂಭೀರವಾಗಿ, "ಎಲ್ಲಾ ಛಲೋ ಐತಿ. ಬಡಗಣ ಮೂಲ್ಯಾಗ ಅಷ್ಟ ಒಂದೀಟು ಹಸಿ ಐತಿ" ಎಂದರು! ನಾನು ಆ ಹುಡುಗಿಯನ್ನೇ ಮದುವೆಯಾದೆ. ಮುಂದಿನ ಮಳೆಗಾಲಕ್ಕೆ ಆ ಮೂಲೆ ಸೋರಿತು. ಅಂದಿನಿಂದ ನಮ್ಮ ಮಾವನವರು ಕಾಕಾ ಎಂದರೆ ಕೈ ಮುಗಿಯುತ್ತಾರೆ.

ಇಂಥವರು ನಿವೃತ್ತರಾದದ್ದೇ ತಡ, ಮೇಲೆ ನೋಡುವುದನ್ನೇ ಬಿಟ್ಟರು. ಮಾತನ್ನೂ ಬಿಟ್ಟರು. ಬೆಳಿಗ್ಗೆ ಕುರ್ಚಿಯಲ್ಲಿ ಕುಳಿತರೆ ಊಟಕ್ಕೆ ಕರೆಯುವ ತನಕ ನೆಲ ನೋಡುವುದೇ ಕೆಲಸ. ಅವರ ಹೆಂಡತಿ, ಅಂದರೆ ನಮ್ಮ ಚಿಗವ್ವ, ಜಗಳವನ್ನಾದರೂ ಆಡಲಿ ಎಂದು ಬೇಕಂತಲೇ ಪಲ್ಯಕ್ಕೆ ಎರಡು ಸಲ ಉಪ್ಪು ಹಾಕಿ ನೋಡಿದಳು. ಪುಣ್ಯಾತ್ಮ ಸುಮ್ಮನೆ ಉಂಡು ಕೈ ತೊಳೆದರು! ಹೀಗೆ ಎಂಟು ತಿಂಗಳು ಕಳೆಯಿತು. ನಮಗೆಲ್ಲ ಒಳಗೊಳಗೇ ಹೆದರಿಕೆ ಹತ್ತಿತ್ತು.

ಬೇಸಿಗೆಯ ಒಂದು ಮಧ್ಯಾಹ್ನ ಚಿಗವ್ವ ರೊಟ್ಟಿ ಬಡಿಯುತ್ತ, "ಈ ಮನ್ಯಾಗ ಒಲಿ ಯಾಕ ಬೇಕು? ರೊಟ್ಟಿ ಬಡದು ಸ್ಲ್ಯಾಬಿಗೆ ಹಚ್ಚಿದ್ರ ತಾನ ಬೇಯ್ತೈತಿ!" ಎಂದು ಗೊಣಗಿದಳು. ಸ್ಲ್ಯಾಬ್ ಎಂಬ ಶಬ್ದ ಕಿವಿಗೆ ಬಿದ್ದದ್ದೇ ಕಾಕಾ ತಲೆ ಎತ್ತಿದರು. ಮರುದಿನ ಫರ್ಮಾನು ಹೊರಟಿತು. "ಮಾಳಿಗಿ ಮ್ಯಾಲೆ ಮಣ್ಣು ಹಾಕಿ ಹುಲ್ಲು, ಪಲ್ಯ ಬೆಳಸ್ತೇನಿ. ಕೆಳಗ ಅಡಗಿಮನಿ ತಣ್ಣಗ ಇರ್ತೈತಿ."

ಯಾರು ಹೇಳುತ್ತಿದ್ದಾರೆ ನೋಡಿ! 'ಚಾವಣಿಯ ಮೇಲೆ ಹುಲ್ಲು ಬೆಳೆದಿದೆ, ಕೂಡಲೇ ಕೀಳಿಸತಕ್ಕದ್ದು' ಎಂದು ಜೀವಮಾನವಿಡೀ ಷರಾ ಬರೆದ ಮನುಷ್ಯ! ಅದೂ ಅಲ್ಲದೆ ನಮ್ಮ ಕಡೆ ಮಣ್ಣಿನ ಮಾಳಿಗೆಯ ಕಾಲದಿಂದಲೂ, ಮೇಲೆ ಹುಲ್ಲು ಬೆಳೆಯಿತೆಂದರೆ ಕೆಳಗೆ ದೀಪ ಹಚ್ಚುವವರಿಲ್ಲ ಎಂದೇ ಲೆಕ್ಕ. ಚಿಗವ್ವ ಕೆಂಡವಾದಳು.

"ಹುಲ್ಲು ಬೆಳಿಯೂದು ಹಾಳಬಿದ್ದ ಮನಿ ಮ್ಯಾಲ್ರಿ! ನಾ ಇನ್ನೂ ಜೀವಂತ ಅದೇನಿ!"

ಮೂರು ದಿನ ವಾದ ನಡೆದು ಕಡೆಗೊಂದು ಕರಾರಾಯಿತು. ಅಡುಗೆಮನೆಯಲ್ಲಿ ಒಂದೇ ಒಂದು ಹನಿ ಬಿದ್ದರೂ ಮರುದಿನವೇ ತೋಟ ಕೀಳಿಸಬೇಕು. ಕಾಕಾ ಅದನ್ನು ಕಾಗದದ ಮೇಲೆ ಬರೆದು ಸಹಿ ಮಾಡಿ ಕೊಟ್ಟರು. ಸೋರುವುದಿಲ್ಲವೆಂದು ಅಷ್ಟು ಧೈರ್ಯ!

ಸ್ಲ್ಯಾಬು ಭಾರ ತಡೆಯುತ್ತದೆಯೇ ಎಂದು ಮೊದಲು ನೋಡಬೇಕಲ್ಲ? ಬಳಗಕ್ಕೆ ಹೋಳಿಗೆ ಊಟದ ಕರೆ ಬಂತು, ಪಂಕ್ತಿ ಮಾಳಿಗೆಯ ಮೇಲೆ. ಕಾಕಾ ಸುಧಾರಿಸಿದರು ಎಂಬ ಖುಷಿಯಲ್ಲಿ ನಾವು ಹೋದೆವು. ಹೋಗಿ ನೋಡಿದರೆ ಬಳಗದ ಸಣಕಲರು ಒಬ್ಬರೂ ಇಲ್ಲ! ನನಗೇಕೆ ಕರೆ ಬಂದಿತ್ತು ಎಂಬುದು ಆಗ ಹೊಳೆಯಿತು. ಎಲ್ಲರನ್ನೂ ನಟ್ಟನಡುವೆ ಒತ್ತೊತ್ತಾಗಿ ಕೂರಿಸಿ ಯಜಮಾನರು ಕೆಳಗಿಳಿದು ಹೋದರು. ಚಿಗವ್ವನ ಅಣ್ಣ, ಸಿಂದಗಿಯವರು, ತೂಕದಲ್ಲಿ ಶತಕ ದಾಟಿದವರು. ಅವರು ನಾಲ್ಕನೆಯ ಹೋಳಿಗೆ ಸಾಕೆಂದಾಗ ಕೆಳಗಿನಿಂದ ಕೂಗು ಬಂತು.

"ಇನ್ನ ಎರಡು ನೀಡ್ರಿ ಅವರಿಗೆ! ಸ್ಲ್ಯಾಬ್ ಇನ್ನೂ ತಡೀತೈತಿ!"

ಕಾಕಾ ಅಡುಗೆಮನೆಯಲ್ಲಿ ಟಾರ್ಚು ಹಿಡಿದು ಬಿರುಕು ಹುಡುಕುತ್ತಿದ್ದರು! ಸಿಂದಗಿಯವರು ಸಿಟ್ಟಿಗೆದ್ದು, "ಭಾವಾರ, ನಾವು ಬೀಗರೋ, ಉಸುಕಿನ ಚೀಲೋ?" ಎಂದರು.

"ಉಸುಕಿನ ಚೀಲಕ್ಕ ಯಾರರ ಹೋಳಿಗಿ ಹಾಕ್ತಾರೇನ್ರಿ?" ಎಂದು ಉತ್ತರ ಬಂತು.

ಆಮೇಲೆ ಮಣ್ಣಿನ ಬೇಟೆ. ನಮ್ಮೂರಿನ ಎರೆಮಣ್ಣು ಬೇಡವಂತೆ. ತಂಗಡಗಿಯ ಹೊಳೆದಂಡೆಯಿಂದ ಒಂದು ಚೀಲ, ಇಂಗಳೇಶ್ವರದ ಕಡೆಯಿಂದ ಎರಡು ಚೀಲ, ಹೀಗೆ ನಮೂನೆ ನೋಡುತ್ತ ಜಿಲ್ಲೆ ತಿರುಗಿದರು. ಮುದ್ದೇಬಿಹಾಳದ ಬಸ್ಸಿನಲ್ಲಿ ನಾನೂ ಜೊತೆಗಿದ್ದೆ. ಕಂಡಕ್ಟರ್ ಚೀಲ ಒದ್ದು ನೋಡಿ, "ಏನೈತ್ರಿ ಇದರಾಗ?" ಎಂದ.

"ಮಣ್ಣು."

"ಯಾಕ್ರಿ, ಇಂಡ್ಯಾಗ ಮಣ್ಣು ತೀರೇತೇನು?"

"ಐತಪಾ. ಆದ್ರ ಅದಕ್ಕ ಸೊಕ್ಕು ಭಾಳ. ನೀರು ಕುಡದು ಉಬ್ಬತೈತಿ, ಬಿಸಲಿಗೆ ಸಿಡಿತೈತಿ."

"ಹಂಗಾರ ನಮ್ಮ ಸಾಹೇಬ್ರು ಇಂಡಿಯವರ ಇರಬೇಕು ಬಿಡ್ರಿ" ಎಂದು ಅವನು ಟಿಕೆಟ್ ಹರಿದ. ಕಾಕಾ ಗೊಳ್ಳೆಂದು ನಕ್ಕರು. ಅವರ ನಗು ಕೇಳಿ ಎಷ್ಟು ದಿನವಾಗಿತ್ತು!

ಅಂತೂ ನೀರು ಇಳಿಯದಂತೆ ಸ್ಲ್ಯಾಬಿಗೆ ಬಣ್ಣ ಬಳಿದು, ದಪ್ಪ ಹಾಳೆ ಹಾಸಿ, ಸಣ್ಣ ಕಲ್ಲು ಹರವಿ, ಮಣ್ಣು ಸುರಿದದ್ದಾಯಿತು. ಕರಿಕೆ ಹುಲ್ಲು, ಮೆಂತ್ಯ, ಪುಂಡಿಪಲ್ಯ ಎಲ್ಲ ಎದ್ದು ನಿಂತವು. ಒಂದು ದಿನ ಬಾಗಿಲಿಗೆ ಬಂದ ಮನೆ ಮಾರಿಸುವ ದಲ್ಲಾಳಿಯೊಬ್ಬ ಮೇಲಿನ ಹುಲ್ಲು ನೋಡಿ, ಎದುರಿಗೆ ನಿಂತ ಚಿಗವ್ವನನ್ನೇ ಕೇಳಿದನಂತೆ. "ಅವ್ವಾರ, ಈ ಮನ್ಯಾಗ ಯಾರೂ ಇರೂದಿಲ್ಲೇನು? ಕೊಡೂದೈತೇನ್ರಿ?" ಅವನು ಓಣಿಯ ತುದಿ ಮುಟ್ಟುವ ತನಕ ಚಿಗವ್ವನ ಮಾತು ಮುಗಿದಿರಲಿಲ್ಲ. ಆದರೆ ಆ ಬೇಸಿಗೆ ಅಡುಗೆಮನೆ ತಣ್ಣಗಿದ್ದದ್ದು ಸುಳ್ಳಲ್ಲ. ಚಿಗವ್ವ ಮಾತ್ರ, "ಈ ವರ್ಷ ಬಿಸಲ ಕಡಿಮಿ" ಎಂದಳೇ ಹೊರತು ತೋಟದ ಹೆಸರೆತ್ತಲಿಲ್ಲ. ನಾವು ಮನೆಮಂದಿಯೆಲ್ಲ ಮಳೆಗಾಲ ಹೇಗೆ ಕಳೆಯುತ್ತದೋ ಎಂದು ಕಾದೆವು.

ಶ್ರಾವಣದಲ್ಲಿ ಒಂದು ಮಧ್ಯಾಹ್ನ ಅವರ ಮನೆಗೆ ಹೋದಾಗ ಮಳೆ ಜೋರಾಗಿತ್ತು. ಕಾಕಾ ಛತ್ರಿ ಹಿಡಿದು ಮಾಳಿಗೆಯ ಮೇಲಿದ್ದರು. ಚಿಗವ್ವ ಅಡುಗೆಮನೆಯ ಅಟ್ಟದ ಮೇಲಿನ ದೊಡ್ಡ ಪರಾತ ಇಳಿಸಿಕೊಡು ಎಂದಳು. ಸ್ಟೂಲು ಹತ್ತಿದೆ. ಅಟ್ಟದ ತುಂಬ ಅವಳ ತವರಿನ ತಾಮ್ರದ ಪಾತ್ರೆಗಳು, ಸ್ಲ್ಯಾಬಿಗೆ ಮುಟ್ಟುವ ಹಾಗೆ ಒಟ್ಟಿದ್ದಳು. ಪರಾತ ಜಗ್ಗಿದರೆ ಹಿಂದೊಂದು ಬೋಗಾಣಿ, ಅದರಲ್ಲಿ ಅರ್ಧ ನೀರು. ನೋಡುತ್ತಿದ್ದಂತೆ ಮೇಲಿನಿಂದ ಟಪ್ ಎಂದು ಒಂದು ಹನಿ ಬಿತ್ತು.

"ಚಿಗವ್ವ, ಸೋರಾಕ..."

ಹಿಟ್ಟಿನ ಕೈಯಿಂದಲೇ ನನ್ನ ಕಾಲು ಹಿಡಿದು ಜಗ್ಗಿದಳು. "ಮೆಲ್ಲಕ ಮಾತಾಡೋ!"

"ಯಾವಾಗಿಂದ ಇದು?"

"ಮೊದಲ್ನೇ ಮಳಿಯಿಂದ. ದಿನಾ ಟಾರ್ಚ್ ಹಿಡಕೊಂಡು ಬರ್ತಾರ. ನನ್ನ ತವರುಮನಿ ಭಾಂಡೆ ಮುಟ್ಟಬ್ಯಾಡ್ರಿ ಅಂತ ಇಲ್ಲಿತನಾ ತಡದೇನಿ."

"ಮತ್ತ ಕರಾರು?"

ಚಿಗವ್ವ ಹೆಂಚಿನ ಮೇಲಿನ ರೊಟ್ಟಿ ತಿರುವಿದಳು. "ಎಂಟು ತಿಂಗಳು ಮನ್ಯಾಗ ಇದ್ದೂ ಇಲ್ಲದಂಗ ಇದ್ರು. ಈಗ ನಸುಕಿನ್ಯಾಗ ಎಬ್ಬಸ್ತಾರ, ಮೆಂತೆ ಹುಟ್ಟೇತಿ ಬಾ, ನೋಡು ಬಾ ಅಂತ. ಹನಿ ಬಿದ್ರ ಬೀಳ್ಲಿ. ಬೋಗಾಣಿ ದೊಡ್ಡದೈತಿ."

ಊರವರ ಸೋರಿಕೆಯನ್ನೆಲ್ಲ ಕಂಡುಹಿಡಿದ ಮನುಷ್ಯನಿಗೆ ಸ್ವಂತ ಮನೆಯದು ಕಾಣದಂತೆ ಎರಡು ತಿಂಗಳು ಕಾದಿದ್ದಾಳಲ್ಲ, ಈ ಹೆಣ್ಣುಮಗಳು! ಅಷ್ಟರಲ್ಲಿ ಮೆಟ್ಟಿಲಿನಿಂದ ಕಾಕಾ ದನಿ ಕೇಳಿತು.

"ಏ, ಕೆಳಗ ಹನಿ ಗಿನಿ ಏನರ ಬೀಳಾಕತ್ತೈತೇನು?"

"ಒಂದ ಹನಿನೂ ಇಲ್ರಿ!" ಎಂದು ಚಿಗವ್ವ ಕೂಗಿದಳು. "ನೀವು ಮೊದಲ ಛತ್ರಿ ನೆಟ್ಟಗ ಹಿಡೀರಿ, ತೋಯ್ಸಿಕೋಬ್ಯಾಡ್ರಿ!"

ಆಮೇಲೆ ನಾವಿಬ್ಬರೂ ಸೇರಿ ಸಪ್ಪಳವಾಗದಂತೆ ಬೋಗಾಣಿ ಇಳಿಸಿ, ನೀರು ಚೆಲ್ಲಿ, ಹನಿ ಬೀಳುವ ಜಾಗ ನೋಡಿ ಮತ್ತೆ ಅಲ್ಲೇ ಇಟ್ಟೆವು.