ನಾನು ಪಕ್ಕದಲ್ಲಿ ಕುಳಿತರೆ ನಡೆಯುವ ಆಟ

“ನೀ ಬಾಜೂಕ ಕುಂತ್ರ ಆಟ ನಡೀತದ, ಎದ್ದು ಹೋದ್ರ ನಿಂದರ್ತದ. ಯಾಕ? ನಿನ್ನ ಸೈನ್ಸ್ ಏನಂತದ?”

ಕೇಳಿದವರು ನಮ್ಮ ಫುಪ್ಪು, ಅಂದರೆ ನನ್ನ ತಂದೆಯ ಅಕ್ಕ ಹುಸೇನಬೀ; ಆಗ ವಯಸ್ಸು ಎಪ್ಪತ್ತೆಂಟು. ಕೇಳಿಸಿಕೊಂಡವನು ಜಹೀರುದ್ದೀನ ಮಾಸ್ತರನೆಂದು ಹೆಸರಾದ ನಾನು. ಆಳಂದದ ಪ್ರೌಢಶಾಲೆಯೊಂದರಲ್ಲಿ ಆಗಲೇ ಇಪ್ಪತ್ತು ವರ್ಷಗಳಿಂದ ವಿಜ್ಞಾನ ಬೋಧಿಸುತ್ತಿದ್ದೆ. ನಕ್ಷತ್ರ ಏಕೆ ಮಿನುಗುತ್ತದೆಂದು ಕೇಳಿ, ಹೇಳುತ್ತೇನೆ. ಮಡಕೆಯ ನೀರು ಏಕೆ ತಣ್ಣಗಿರುತ್ತದೆಂದು ಕೇಳಿ, ಕೇಳದಿದ್ದರೂ ಹೇಳುತ್ತೇನೆ. ತಾಯತ, ನಿಂಬೆಹಣ್ಣು, ದೃಷ್ಟಿಬೊಂಬೆಗಳ ವಿರುದ್ಧ ಮೂರು ತಾಲೂಕುಗಳಲ್ಲಿ ಉಪನ್ಯಾಸ ಮಾಡಿ ಅಷ್ಟರಲ್ಲಿ ಹದಿನೇಳು ಶಾಲುಗಳನ್ನು ಗಳಿಸಿದ್ದೆ. ಆದರೆ ಫುಪ್ಪುವಿನ ಪ್ರಶ್ನೆಗೆ ನನ್ನ ಬಳಿ ಉತ್ತರವಿರಲಿಲ್ಲ. ಇದ್ದದ್ದು ಒಂದು ಘೋಷಣೆ ಮಾತ್ರ.

“ಎಂಟು ದಿನ ಕೊಡ್ರಿ ಫುಪ್ಪು. ಕಾರಣ ಇಲ್ದ ಕಾರ್ಯ ಇಲ್ಲ. ಹುಡುಕಿ ತೋರಸ್ಲಿಲ್ಲಂದ್ರ ನನ್ನ ಹೆಸರು ಜಹೀರುದ್ದೀನ ಅಲ್ಲ.”

ಅಡುಗೆಮನೆಯಿಂದ ನನ್ನ ಹೆಂಡತಿ ತಸ್ಲೀಮಳ ದನಿ ಬಂತು: “ನಳಕ್ಕ ನೀರು ಬಂದಾವ್ರಿ. ಹೆಸರು ಆಮ್ಯಾಲ ಬದಲಿ ಮಾಡ್ರಿ, ಮೊದಲ ಎರಡು ಕೊಡ ತುಂಬ್ರಿ.”

ವಿಜ್ಞಾನದ ಮಹತ್ವದ ಗಳಿಗೆಗಳಿಗೆ ಇಂಥ ಅಡ್ಡಿಗಳು ಎಲ್ಲ ಕಾಲದಲ್ಲೂ ಬಂದಿರಬೇಕು. ನಾನು ಕೇಳಿಸದವನಂತೆ ಕುಳಿತೆ. ಕೊಡಗಳನ್ನು ಅವಳೇ ತುಂಬಿದಳು, ಎಂದಿನಂತೆ.

ಮೊದಲು ರೋಗದ ಪೂರ್ವ ಚರಿತ್ರೆಯನ್ನು ಹೇಳಬೇಕು. ಮೊಣಕಾಲು ನೋವು ಹೆಚ್ಚಾಗಿ ಮಾದನಹಿಪ್ಪರಗಾದಿಂದ ನಮ್ಮ ಮನೆಗೆ ಬಂದ ಫುಪ್ಪು, ನಡುಮನೆಯ ಹಳೆಯ ಕಂಪ್ಯೂಟರಿನಲ್ಲಿ ಹೊಲದ ಆಟ ಕಲಿತರು. ಸಾಮಾಜಿಕ ಜಾಲತಾಣವೊಂದರ ಒಳಗೆ, ಬ್ರೌಸರಿನಲ್ಲೇ ನಡೆಯುವ ಆಟ ಅದು. ಪರದೆಯ ಮೇಲೆ ಒಂದು ಹೊಲ, ಹೊಲದ ಅಂಚಿಗೆ ಕುರಿಗಳು. ಬಿತ್ತಬೇಕು, ನೀರುಣಿಸಬೇಕು, ಹೇಳಿದ ಗಳಿಗೆಗೆ ಕೊಯ್ಯಬೇಕು. ತಡವಾದರೆ ಬೆಳೆ ಬಾಡುತ್ತದೆ. ಆದರೆ ಒಂದು ನಿಯಮ: ನೀರು ನಮ್ಮ ಹೊಲದಲ್ಲಿ ಹುಟ್ಟುವುದಿಲ್ಲ. ಜಾಲತಾಣದ ಪರಿಚಯಸ್ಥರು ‘ನೆರೆಯವರು’ ಆಗಿ ಸೇರಿಕೊಂಡು ದಿನಕ್ಕೊಂದು ಕೊಡ ಕಳುಹಿಸಬೇಕು. ಗೊಬ್ಬೂರಿನಲ್ಲಿರುವ ಫುಪ್ಪುವಿನ ನಾದಿನಿ ಜೈತುನಬಿಯೂ ಇದೇ ಆಟ ಆಡುತ್ತಿದ್ದರು. ಆದ್ದರಿಂದ ನಮ್ಮ ನಡುಮನೆಯಲ್ಲಿ ಬೆಳೆ ಬಾಡಿದರೆ ಸುದ್ದಿ ಅರ್ಧ ಗಂಟೆಯಲ್ಲಿ ಗೊಬ್ಬೂರಿನಿಂದ ಇಡೀ ಅಫಜಲಪುರ ತಾಲೂಕು ತಲುಪುತ್ತಿತ್ತು.

“ನೀನೂ ನನ್ನ ನೆರೆಯವ ಆಗು ಜಹೀರ್. ದಿನಾ ಒಂದು ಕೊಡ ನೀರು ಕಳಿಸಿದ್ರ ಸಾಕು,” ಎಂದು ಫುಪ್ಪು ಒಮ್ಮೆ ಕೇಳಿದ್ದರು.

ಯಾವ ಜಾಲತಾಣದಲ್ಲೂ ಖಾತೆ ಇಲ್ಲದಿರುವುದು ನನ್ನ ಹೆಮ್ಮೆಗಳಲ್ಲೊಂದು. ಮನುಷ್ಯನ ಗಮನವು ಹೇಗೆ ಮುಗಿದುಹೋಗುವ ಸಂಪತ್ತೆಂಬುದನ್ನು ನಾನು ಅವರಿಗೆ ನಲವತ್ತು ನಿಮಿಷ ವಿವರಿಸಿದೆ. ಅಷ್ಟರಲ್ಲಿ ಅವರು ಕಡಲೆ ಕೊಯ್ದು ಮುಗಿಸಿದ್ದರು.

ಮೊದಮೊದಲು ಆಟಕ್ಕಿದ್ದದ್ದು ಸಾಮಾನ್ಯ ಕಾಯಿಲೆ. ಎತ್ತಿದ ಕಾಲನ್ನು ಇಳಿಸಲು ಕುರಿ ಒಂದು ನಿಮಿಷ ತೆಗೆದುಕೊಳ್ಳುತ್ತಿತ್ತು. ನಾನು ಚಿಕಿತ್ಸೆಗಿಳಿದೆ. ಬ್ರೌಸರು ವರ್ಷಗಳಿಂದ ಹೊಟ್ಟೆಯಲ್ಲಿ ತುಂಬಿಕೊಂಡಿದ್ದ ಹಳೆಯ ಕಸವನ್ನೆಲ್ಲ, ಕುಕಿಗಳ ಸಮೇತ, ಒಂದೇ ಕ್ಲಿಕ್ಕಿನಲ್ಲಿ ಗುಡಿಸಿ ಹಾಕಿದೆ. ಆಟ ಹಗುರಾಯಿತು, ಎಷ್ಟು ಹಗುರಾಯಿತೆಂದರೆ ಅದರೊಳಗೆ ಫುಪ್ಪುವೇ ಇರಲಿಲ್ಲ. ಪರದೆಯು ಪಾಸ್‌ವರ್ಡ್ ಕೇಳುತ್ತಿತ್ತು.

“ಪಾಸ್‌ವರ್ಡ್ ಏನ್ರಿ ಫುಪ್ಪು?”

“ಹಂಗಂದ್ರ?”

“ಬೀಗದ ಕೈ ಇದ್ದಂಗ.”

“ಬೀಗ ಹಾಕಿದವ ನೀನು. ಕೈ ನನಗ ಕೇಳ್ತಿಯಲ್ಲೋ.”

ಕೊನೆಗೆ ತಸ್ಲೀಮಳ ಮೊಬೈಲಿಗೆ ಕೋಡ್ ತರಿಸಿ ಒಳಹೊಕ್ಕಾಗ ಹೊಲದ ಗೋಧಿಯೆಲ್ಲ ಬಾಡಿ ನೆಲಕ್ಕೊರಗಿತ್ತು. ಆ ಕೂಡಲೇ ಗೊಬ್ಬೂರಿನಿಂದ ಫೋನು: “ಏನ್ ಭಾಬಿ, ಸೈನ್ಸ್ ಮಾಸ್ತರನ ಮನ್ಯಾಗ ಬರಗಾಲ ಬಿದ್ದದಂತ?”

ಗೋಧಿ ಹೋದರೂ ಆಟ ಚುರುಕಾಯಿತೆಂಬುದನ್ನು ಇತಿಹಾಸ ಮರೆಯಬಾರದು. ಹೋಲಿಕೆಯಿಲ್ಲದೆ ಪ್ರಯೋಗವಿಲ್ಲವೆಂದು ನಾನು ಇನ್ನೊಂದು ಬ್ರೌಸರನ್ನೂ ಹಾಕಿ ನೋಡಿದೆ. ಹಳೆಯದರ ಗುರುತು ಬಣ್ಣದ ಬುಗುರಿಯಂತಿತ್ತು, ಹೊಸದರದು ನರಿಯಂತೆ. ಪರೀಕ್ಷೆ ಮುಗಿದ ಮೇಲೆ ಫುಪ್ಪುವಿಗೆ ತಾಕೀತು ಮಾಡಿದೆ: “ಬುಗರಿ ಮ್ಯಾಲೇ ಒತ್ರಿ. ನರಿಗಿ ಮಾತ್ರ ಮುಟ್ಟಬ್ಯಾಡ್ರಿ.”

ಫುಪ್ಪು ತಲೆಯಾಡಿಸಿದರು. ಅದನ್ನು ನಾನು ಒಪ್ಪಿಗೆಯೆಂದು ದಾಖಲಿಸಿಕೊಂಡೆ.

ಇದಾದ ಎರಡೇ ವಾರಕ್ಕೆ, ಈ ಬರಹದ ಆರಂಭದಲ್ಲಿರುವ ವಿಚಿತ್ರ ಕಾಯಿಲೆ ಕಾಣಿಸಿಕೊಂಡಿತು. ನಾನು ಶಾಲೆಯಲ್ಲಿದ್ದಾಗ ಆಟ ಹೆಪ್ಪುಗಟ್ಟುತ್ತಿತ್ತು. ನಾನು ಬಂದು ಅಂಗಳದಲ್ಲಿ ಸ್ಕೂಟರ್ ನಿಲ್ಲಿಸಿ, ಚಪ್ಪಲಿ ಬಿಟ್ಟು, ಪಕ್ಕದಲ್ಲಿ ಕುಳಿತರೆ ಕುರಿಗಳು ಕುಣಿಯುತ್ತಿದ್ದವು. ಎಂಟು ದಿನದ ಗಡುವಿನಲ್ಲಿ ನಾನು ಕಂಪ್ಯೂಟರಿನ ಧೂಳು ಊದಿದೆ, ಫ್ಯಾನು ಬದಲಿಸಿದೆ, ತಂತಿಗಳನ್ನು ಬಿಚ್ಚಿ ಮತ್ತೆ ಸಿಕ್ಕಿಸಿದೆ, ವೋಲ್ಟೇಜ್ ಅಳೆದೆ. ಪ್ರತಿ ಸಲವೂ ಆಟ ನನ್ನೆದುರು ಸುಸೂತ್ರ ನಡೆಯಿತು. ಬೆನ್ನು ತಿರುಗಿಸಿದೊಡನೆ ನಿಂತಿತು.

“ನಿನ್ನ ಕೈಗುಣ ಛಲೋ ಅದ ಜಹೀರ್,” ಎಂದರು ಫುಪ್ಪು.

“ಕೈಗುಣ ಅಂತ ಒಂದು ವಸ್ತು ಇಲ್ರಿ ಫುಪ್ಪು.”

“ಮತ್ತ ಕುಂದ್ರು ಅಂತೀನಿ. ಇಲ್ಲದ್ದು ಅಂದ್ಮ್ಯಾಲ ಕುಂತ್ರ ನಿನಗೇನು ಹೋಗತದ?”

ಇಪ್ಪತ್ತು ವರ್ಷ ಕೈಗುಣದ ವಿರುದ್ಧ ದನಿಯೆತ್ತಿದವನಿಗೆ ಸ್ವಂತ ಮನೆಯಲ್ಲೇ ಕೈಗುಣ ಅಂಟಿಕೊಂಡಿತ್ತು. ಹೆಸರು ಉಳಿಯಬೇಕಾದರೆ ಶಾಸ್ತ್ರೀಯ ಪ್ರಯೋಗವೇ ಆಗಬೇಕು. ಇಪ್ಪತ್ತು ಚೀಟಿ ಬರೆದೆ. ಹತ್ತರಲ್ಲಿ ‘ಒಳಗೆ’, ಹತ್ತರಲ್ಲಿ ‘ಹೊರಗೆ’. ದಿನವೂ ಸಂಜೆ ಐದಕ್ಕೆ ಒಂದು ಚೀಟಿ ಎತ್ತುವುದು. ‘ಒಳಗೆ’ ಬಂದರೆ ನಾನು ಫುಪ್ಪುವಿನ ಪಕ್ಕ ಕೂರುವುದು. ‘ಹೊರಗೆ’ ಬಂದರೆ ನೆರೆಮನೆಯ ಚಂದಮ್ಮನ ಕಟ್ಟೆಯ ಮೇಲೆ. ಆಟ ನಿಂತರೆ ಫುಪ್ಪು ಬಟ್ಟಲಿಗೆ ಒಂದು ತೊಗರಿಕಾಳು ಹಾಕುವುದು, ಅದಕ್ಕೆ ತಸ್ಲೀಮ ಸಾಕ್ಷಿ. ಪಕ್ಷಪಾತಕ್ಕೆ ಎಡೆಯೇ ಇಲ್ಲದ ವಿನ್ಯಾಸ.

ಇಪ್ಪತ್ತನೆಯ ದಿನ ಎಣಿಸಿದೆ. ನಾನು ಒಳಗಿದ್ದ ಹತ್ತು ದಿನ ಆಟ ಒಮ್ಮೆಯೂ ನಿಂತಿರಲಿಲ್ಲ. ಹೊರಗಿದ್ದ ಹತ್ತು ದಿನಗಳಿಗೆ ಬಟ್ಟಲಿನಲ್ಲಿ ಹತ್ತು ಕಾಳು. ಇಂಥ ಹೊಂದಾಣಿಕೆ ಕೇವಲ ಆಕಸ್ಮಿಕವಾಗಿ ಒದಗುವ ಸಾಧ್ಯತೆ ಒಂದು ಲಕ್ಷ ಎಂಬತ್ತನಾಲ್ಕು ಸಾವಿರಕ್ಕೆ ಒಂದು. ಲೆಕ್ಕವನ್ನು ಮೂರು ಸಲ ಪರಿಶೀಲಿಸಿದೆ. ತಪ್ಪು ಸಿಗುತ್ತದೆಂಬ ಆಸೆಯಿಂದ ನಾನು ಲೆಕ್ಕ ಪರಿಶೀಲಿಸಿದ್ದು ಜೀವನದಲ್ಲಿ ಅದೇ ಮೊದಲು.

ಮರುದಿನ ನೋಡಿದರೆ ಕಂಪ್ಯೂಟರಿನ ನೆತ್ತಿಯ ಮೇಲೆ ನನ್ನ ಪಾಸ್‌ಪೋರ್ಟ್ ಅಳತೆಯ ಫೋಟೋ ಅಂಟಿಸಲಾಗಿತ್ತು.

“ಇದೇನ್ರಿ ಫುಪ್ಪು?”

“ನೀ ಸಾಲಿಗಿ ಹೋದಾಗ ಬೇಕಲ್ಲ. ನಿನ್ನಷ್ಟು ಆಗಂಗಿಲ್ಲ, ಜರಾ ಜರಾ ನಡೀತದ.”

ಕಟ್ಟೆಯ ಮೇಲೆ ಹತ್ತು ಸಂಜೆ ನಾನು ಕಾರಣವಿಲ್ಲದೆ ಕುಳಿತದ್ದನ್ನು ಕಂಡ ಚಂದಮ್ಮ ಕಾರಣ ಕೇಳಿ ತಿಳಿದುಕೊಂಡಿದ್ದಳು. ಭಾನುವಾರ ಮಿಕ್ಸರನ್ನು ಎತ್ತಿಕೊಂಡು ಬಂದಳು. “ಮಾಸ್ತರ್ರ, ಚಟ್ನಿ ಅರ್ಧಕ್ಕ ನಿಂತದ. ನೀವೇನೂ ಮಾಡಬ್ಯಾಡ್ರಿ, ಇದರ ಬಾಜೂಕ ಐದು ನಿಮಿಷ ಕುಂದರ್ರಿ.” ಪ್ಲಗ್ಗು ಸಡಿಲವಾಗಿದ್ದಿರಬೇಕು, ನಮ್ಮ ಮನೆಯ ಸಾಕೆಟ್ಟಿಗೆ ಹಾಕಿದೊಡನೆ ಮಿಕ್ಸರು ಗರ್ಜಿಸಿತು. ಸಾಕೆಟ್ಟಿನ ಕುರಿತು ನಾನು ವಿವರಿಸುವ ಮೊದಲೇ ಚಂದಮ್ಮ ಓಣಿಯ ಕೊನೆ ತಲುಪಿದ್ದಳು, ಸುದ್ದಿ ಅವಳಿಗಿಂತ ಮುಂದೆ.

ಬುಧವಾರ ಜೇವರ್ಗಿಯಿಂದ ತಸ್ಲೀಮಳ ತಮ್ಮ ಅಬ್ರಾರನ ಫೋನು. ಅವನದು ಆನ್‌ಲೈನ್ ಅರ್ಜಿ ತುಂಬಿಕೊಡುವ ಅಂಗಡಿ. “ದುಲ್ಹಾಭಾಯಿ, ಮುಂಜಾನಿಂದ ಸರ್ವರ್ ನಿಂತದ, ನಲವತ್ತು ಮಂದಿ ಪಾಳಿ ಹಚ್ಚ್ಯಾರ. ಜರಾ ಬಂದು ಕುಂದರ್ರಿ.”

“ನಿನಗೂ ತಲಿ ಕೆಟ್ಟದೇನು ಅಬ್ರಾರ?”

“ಬರಾಕ ಆಗಂಗಿಲ್ಲಂದ್ರ ವಿಡಿಯೋ ಕಾಲ್ ಮಾಡ್ರಿ. ನಿಮ್ಮ ಮುಖ ಕಂಪ್ಯೂಟರಿಗಿ ತೋರಸ್ತೇನಿ.”

ಸಿಟ್ಟಿನಿಂದ ಬೈಯಲೆಂದೇ ವಿಡಿಯೋ ಕಾಲ್ ಮಾಡಿದೆ. ನಾನು ಬೈಯುತ್ತಿರುವಾಗಲೇ ಸರ್ವರ್ ಎದ್ದಿತು. ನಲವತ್ತು ಮಂದಿ ಒಟ್ಟಿಗೆ ನನಗೆ ಸಲಾಮು, ನಮಸ್ಕಾರ ಹೇಳಿದರು.

ಇಷ್ಟಾದರೂ ನನ್ನ ಮಾನ ಉಳಿಯಲು ಒಂದು ದಾರಿಯಿತ್ತು. ಅಫಜಲಪುರದ ವಿಚಾರ ವೇದಿಕೆಯಲ್ಲಿ ನನ್ನ ಉಪನ್ಯಾಸ ಗೊತ್ತಾಗಿತ್ತು. ವಿಷಯ, ‘ತಾಯತ ಕಟ್ಟಿದರೆ ಯಂತ್ರ ನಡೆಯುವುದೇ?’ ಅಲ್ಲಿ ಗಟ್ಟಿಯಾಗಿ ನಿಂತು ಎಲ್ಲ ಗಾಳಿಮಾತನ್ನೂ ಅಡಗಿಸುವೆನೆಂದು ಹೊರಟೆ. ಬಾಗಿಲಲ್ಲೇ ವೇದಿಕೆಯ ಅಧ್ಯಕ್ಷ ಪೀರಪ್ಪನವರು ಕೈಹಿಡಿದು ಸ್ವಾಗತಿಸಿದರು. “ಬರ್ರಿ ಸರ್, ಬರ್ರಿ. ಕುರಿ ಆರಾಮ ಅವೇನ್ರಿ?” ನನ್ನನ್ನು ಬೇರೆ ಯಾರೋ ಎಂದು ತಿಳಿದಿರಬೇಕು, ವಯಸ್ಸಾಯಿತು ಪಾಪ ಎಂದುಕೊಂಡು ನಕ್ಕು ಒಳಗೆ ಹೋದೆ.

ಉಪನ್ಯಾಸದ ನಡುವೆ ಕಂಪ್ಯೂಟರಿನಿಂದ ತೋರಿಸುತ್ತಿದ್ದ ಮೂರನೆಯ ಚಿತ್ರಕ್ಕೆ ಪರದೆ ಹೆಪ್ಪುಗಟ್ಟಿತು. ನಾನು ಇದ್ದಬದ್ದ ಗುಂಡಿಗಳನ್ನೆಲ್ಲ ಒತ್ತಿದೆ. ಐದು ನಿಮಿಷ ಕಳೆಯಿತು. ಹಿಂದಿನ ಸಾಲಿನಿಂದ ಯಾರೋ ಅಂದರು: “ಮಾಸ್ತರ್ರು ನಿಂತಾರ್ರಿ. ಕುಂತಿಲ್ಲ, ಅದಕ್ಕ.”

ಪೀರಪ್ಪನವರು ಸದ್ದಿಲ್ಲದೆ ಕಂಪ್ಯೂಟರಿನ ಪಕ್ಕಕ್ಕೆ ಒಂದು ಕುರ್ಚಿ ಸರಿಸಿದರು. “ಸರ್, ನಾವು ವಿಜ್ಞಾನಕ್ಕ ಅವಮಾನ ಮಾಡಾಕತ್ತಿಲ್ರಿ. ಹೊತ್ತಾಗೇದ, ಊಟ ಆರ್ತದ. ಸುಮ್ಮ ಒಂದ್ಸಲ ಕುಂದರ್ರಿ.”

ತಾನು ನಂಬದ್ದನ್ನೂ ಪರೀಕ್ಷೆಗೆ ಒಡ್ಡುವವನೇ ನಿಜವಾದ ಸಂದೇಹವಾದಿ ಎಂದು ಸಭೆಗೆ ತಿಳಿಸಿ ನಾನು ಕುಳಿತೆ. ಯಂತ್ರ ಎರಡು ಉಸಿರಿನಷ್ಟು ಹೊತ್ತು ಯೋಚಿಸಿತು. ಆಮೇಲೆ ನಾಲ್ಕನೆಯ ಚಿತ್ರ ಮೂಡಿತು. ಅದರಲ್ಲಿ ದಪ್ಪಕ್ಷರಗಳಲ್ಲಿ ಹೀಗಿತ್ತು: ‘ಕಾಕತಾಳೀಯವನ್ನು ಪವಾಡವೆಂದು ನಂಬಬೇಡಿ.’ ಚಪ್ಪಾಳೆ ನಿಲ್ಲಲು ಬಹಳ ಹೊತ್ತು ಹಿಡಿಯಿತು. ಹದಿನೆಂಟನೆಯ ಶಾಲು ಹೊದಿಸಿದವರು ಕಿವಿಯಲ್ಲಿ, “ನಮ್ಮ ಪಂಪ್‌ಸೆಟ್ ಹಾದಿ ಮ್ಯಾಲೇ ಅದರಿ ಸರ್,” ಎಂದರು.

ಆ ದಿನದಿಂದ ನಾನು ಕಾರಣ ಹುಡುಕುವುದನ್ನು ಬಿಟ್ಟೆ. ಶಾಲೆಯಿಂದ ಬಂದು ಸಂಜೆ ಫುಪ್ಪುವಿನ ಪಕ್ಕದಲ್ಲಿ ಕೂರುವುದೇ ಸುಲಭವಾಗಿತ್ತು. ಅವರು ಹುರಿದ ಸೇಂಗಾ ಬಿಡಿಸಿ ನನ್ನ ಅಂಗೈಗೆ ಹಾಕುತ್ತಿದ್ದರು. ಎಡಗೈಯಲ್ಲಿ ಸೇಂಗಾ, ಬಲಗೈಯಲ್ಲಿ ಕೊಯ್ಲು. ಯಾವ ಕುರಿ ಗಬ್ಬ, ಜೈತುನಬಿಯ ಮಾವಿಗೆ ಯಾವಾಗ ಹೂ ಬಿಡುತ್ತದೆ ಎಂಬುದೆಲ್ಲ ಆಟವಾಡದ ನನಗೂ ಬಾಯಿಪಾಠವಾಯಿತು. ಹೀಗೆ ನಾಲ್ಕು ವರ್ಷ. ಪ್ರಶ್ನೆ ಮಾತ್ರ ಹಾಗೇ ಉಳಿಯಿತು.

ಹೋದ ಚಳಿಗಾಲದ ಒಂದು ಬೆಳಿಗ್ಗೆ ಫುಪ್ಪು ನಮಾಜ್ ಮುಗಿಸಿ, ಚಹಾ ಕುಡಿದು, ಸ್ವಲ್ಪ ಹೊತ್ತು ಆಟವಾಡಿ, ಹಾಸಿಗೆಗೆ ಒರಗಿದವರು ಹಾಗೆಯೇ ಹೊರಟುಹೋದರು. ನಲವತ್ತನೆಯ ದಿನದ ಫಾತೆಹಾ ಪ್ರಾರ್ಥನೆ ಆದ ಮೇಲೆ ನಾನು ಕಂಪ್ಯೂಟರಿನ ಧೂಳೊರೆಸಿ ಚಾಲೂ ಮಾಡಿದೆ. ಬೇಡದ್ದನ್ನು ತೆಗೆದುಹಾಕೋಣವೆಂದು ಮೊದಲು ಆ ನರಿಯ ಮೇಲೆಯೇ ಒತ್ತಿದೆ. ಕಳೆದ ಸಲ ಬಿಟ್ಟಲ್ಲಿಂದ ಮುಂದುವರಿಸಲೇ ಎಂದು ಅದು ಕೇಳಿತು. ಆಗಲಿ ಎಂದೆ.

ಒಂದು ಹೊಲ ತೆರೆದುಕೊಂಡಿತು. ಫುಪ್ಪುವಿನದಲ್ಲ, ಅದಕ್ಕಿಂತ ಹಸಿರಾದದ್ದು. ಮೇಲ್ಗಡೆ ನನ್ನ ಪಾಸ್‌ಪೋರ್ಟ್ ಫೋಟೋ, ಕೆಳಗೆ ‘ಜಹೀರುದ್ದೀನ ಮಾಸ್ತರ, ಕಸುಬು ಒಕ್ಕಲುತನ’. ಇನ್ನೂರ ಹನ್ನೆರಡು ಕುರಿಗಳು ಮೇಯುತ್ತಿದ್ದವು. ಸಂದೇಶಗಳ ಸಾಲಿನಲ್ಲಿ ಪೀರಪ್ಪನವರು: ‘ಸರ್, ನಿಮ್ಮ ಕುರಿ ನಮ್ಮ ಹೊಲಕ್ಕ ಬಂದಿತ್ತು, ಹೊಡೆದು ಕಳಿಸೀನಿ.’ ಅದರ ಕೆಳಗೆ ನಮ್ಮ ಶಾಲೆಯ ಹೆಡ್‌ಮಾಸ್ತರರು: ‘ಗೊಬ್ಬರ ಕೇಳಿದ್ರಿ, ಕಳಿಸೀನಿ ನೋಡ್ರಿ.’

ನಾಲ್ಕು ವರ್ಷದ ಒಗಟು ಒಂದೇ ಗಳಿಗೆಯಲ್ಲಿ ಬಿಚ್ಚಿಕೊಂಡಿತು. ಒಂದು ಹೊಲವನ್ನೇ ಕಷ್ಟಪಟ್ಟು ಹೊರುವ ಯಂತ್ರದ ಮೇಲೆ ಫುಪ್ಪು ಎರಡು ಹೊಲ ಉಳುತ್ತಿದ್ದರು. ಬುಗುರಿಯಲ್ಲಿ ತಮ್ಮದು, ನರಿಯಲ್ಲಿ ನನ್ನದು. ಎರಡೂ ತೆರೆದಾಗ ಆಟ ನಿಲ್ಲುತ್ತಿತ್ತು. ನಾನು ಬರುವ ಸದ್ದು ಕೇಳಿದೊಡನೆ ಅವರು ನರಿಯನ್ನು ಮುಚ್ಚುತ್ತಿದ್ದರು, ಆಟ ನಡೆಯುತ್ತಿತ್ತು. ಮನೆಯಲ್ಲಿ ಕುರಿ ಕುಣಿಸುತ್ತಿದ್ದ ಆ ಶಕ್ತಿ ನನ್ನ ಸ್ಕೂಟರಿನ ಸೈಲೆನ್ಸರಿನಲ್ಲಿತ್ತು.

ತಿರುಗಿ ನೋಡಿದರೆ ಬಾಗಿಲಲ್ಲಿ ತಸ್ಲೀಮ.

“ನಿನಗ ಗೊತ್ತಿತ್ತೇನು?”

“ಖಾತೆ ತೆರೆದು ಕೊಟ್ಟವಳೇ ನಾನು. ಕೋಡ್ ನನ್ನ ಮೊಬೈಲಿಗೇ ಬಂದಿತ್ತು.”

“ತೊಗರಿಕಾಳಿಗೆ ನೀನೇ ಸಾಕ್ಷಿ ಇದ್ದಿ.”

“ಆಟ ನಿಂತದ್ದು ಖರೇ ಇತ್ತಲ್ರಿ. ಯಾಕ ನಿಂತು ಅಂತ ನೀವು ನನಗ ಕೇಳಲೇ ಇಲ್ಲ.”

“ಹೇಳಬೇಕಿಲ್ಲೇನು?”

“ಫುಪ್ಪು ಆಣಿ ಹಾಕಿಸಿದ್ರು. ‘ಅವಗ ಹೇಳಿದ್ರ ನರಿ ತೆಗೀತಾನ, ಮ್ಯಾಲ ನಲವತ್ತು ನಿಮಿಷ ಮಾತಾಡ್ತಾನ’ ಅಂದ್ರು.”

ನಾನು ಪರದೆಯ ಕಡೆಗೆ ತಿರುಗಿದೆ. ಮೂಲೆಯಲ್ಲಿ ‘ನೀವು ಕಳುಹಿಸಿದ ಕೊಡುಗೆಗಳು’ ಎಂಬ ಪಟ್ಟಿಯಿತ್ತು. ತೆರೆದೆ. ಉದ್ದಕ್ಕೂ ಒಂದೇ ಹೆಸರು, ಹುಸೇನಬೀ. ಒಂದೇ ವಸ್ತು, ದಿನವೂ ಬೆಳಗಿನ ಹೊತ್ತು ಒಂದು ಕೊಡ ನೀರು. ನನಗೆ ಜ್ವರ ಬಂದ ದಿನ, ಈದ್ ಹಬ್ಬದ ದಿನ, ಅಫಜಲಪುರಕ್ಕೆ ಹೋದ ದಿನ, ಒಂದನ್ನೂ ಬಿಟ್ಟಿರಲಿಲ್ಲ. ಕೊನೆಯ ಕೊಡ ಅವರು ಹೋದ ದಿನದ್ದು, ಬೆಳಿಗ್ಗೆ ಆರೂ ನಲವತ್ತಕ್ಕೆ.

ತಸ್ಲೀಮ ನನ್ನ ಹೆಗಲ ಮೇಲಿಂದ ಬಗ್ಗಿ ಪಟ್ಟಿಯನ್ನು ಮೇಲಿನಿಂದ ಕೆಳಗಿನವರೆಗೆ ಓದಿದಳು. ಸೆರಗಿನಿಂದ ಕಣ್ಣೊರೆಸಿಕೊಂಡಳು. ಆಮೇಲೆ ಖಾಲಿ ಕೊಡವನ್ನು ತಂದು ನನ್ನ ಕಾಲ ಬಳಿ ಇಟ್ಟಳು.

“ನಾಲ್ಕು ವರ್ಷ, ಒಂದಿನಾ ತಪ್ಪಸ್ದಂಗ, ಮುಂಜಾನೆ ಎದ್ದ ಕೂಡ್ಲೇ ನೀರು ಕೊಟ್ಟೀರಿ ನೋಡ್ರಿ. ನನ್ನ ಕೊಡ ಒಂದು ಬಿಟ್ಟು.”