ತುಪ್ಪದಲ್ಲಿ ಕರಿದ ಬಾಳ

ಹೆದರುವುದಕ್ಕೂ ಒಂದು ಯೋಗ್ಯತೆ ಬೇಕೆಂದು ನಾನು ನಂಬಿದ್ದೇನೆ. ಹುಲಿಗೆ, ಹಾವಿಗೆ, ಗೋರಾ ಸಾರ್ಜೆಂಟನಿಗೆ ಯಾರಾದರೂ ಹೆದರುತ್ತಾರೆ, ಅದರಲ್ಲೇನು ಹೆಚ್ಚುಗಾರಿಕೆ? ನಾನು ಬಾಳೆಹಣ್ಣಿಗೆ ಹೆದರುತ್ತೇನೆ. ಅದೂ ಹೊಟ್ಟೆಯೊಳಗೆ ಬೆಲ್ಲ ಕೊಬ್ಬರಿ ತುಂಬಿ, ಹಿಟ್ಟಿನಲ್ಲಿ ಅದ್ದಿ, ತುಪ್ಪದಲ್ಲಿ ಕರಿದ ಬಾಳೆಹಣ್ಣಿಗೆ. ಅದರ ವಾಸನೆ ಬಂದರೆ ಇಂದಿಗೂ ನನ್ನ ಅಂಗೈ ಬೆವರುತ್ತದೆ. ನಗಬೇಡಿ, ಪೂರ್ತಿ ಕೇಳಿ.

ಆಗ ನಾನು ಧಾರವಾಡದಿಂದ ಪುಣೆಗೆ ಬಂದು ಬಹಳ ದಿನವಾಗಿರಲಿಲ್ಲ. ಕ್ಯಾಂಪಿನ ಒಂದು ಸರಕಾರಿ ಕಚೇರಿಯಲ್ಲಿ ಹಂಗಾಮಿ ಗುಮಾಸ್ತ. ಹಂಗಾಮಿ ಎಂದರೆ ಏನೆಂಬುದು ಅನುಭವಿಸಿದವರಿಗೇ ಗೊತ್ತು. ಸಾಹೇಬರು ಸೀನಿದರೂ ನೌಕರಿ ಹೋಯಿತು ಅನ್ನಿಸುತ್ತದೆ. ನನ್ನನ್ನು ಖಾಯಂ ಮಾಡುವುದು ಬಿಡುವುದು ಹೆಡ್ ಕ್ಲಾರ್ಕ್ ರಾವಸಾಹೇಬರ ಕೈಯಲ್ಲಿತ್ತು. ಅವರು ಮೀಸೆಯ ಮೇಲೆ ಕೈಯಾಡಿಸಿದ ದಿನ ನನಗೆ ಊಟ ಸೇರುತ್ತಿರಲಿಲ್ಲ. ಇನ್ನು ಮರಾಠಿಯ ಭಯ ಬೇರೆ. ಅದಕ್ಕೆ ಮಾತ್ರ ನಾನೊಂದು ಸುಲಭ ಉಪಾಯ ಕಂಡುಕೊಂಡಿದ್ದೆ. ನಮ್ಮ ತುಪ್ಪ ಅವರಿಗೆ ತೂಪ, ನಮ್ಮ ತಾಟು ಅವರಿಗೆ ತಾಟ. ಅಂದಮೇಲೆ ಕನ್ನಡ ಶಬ್ದದ ಬಾಲ ಕತ್ತರಿಸಿದರೆ ಮರಾಠಿಯಾಗುತ್ತದೆ ಎಂದು ತೀರ್ಮಾನಿಸಿದ್ದೆ. ಇದನ್ನು ನನ್ನವಳಿಗೂ ಕಲಿಸಲು ಹೋಗಿದ್ದೆ. ಅವಳು ನಳದ ಕಟ್ಟೆಯ ಮೇಲೆ ಅಕ್ಕಪಕ್ಕದವರ ಜೊತೆ ಮಾತಾಡಿಯೇ ಕಲಿಯುತ್ತೇನೆಂದಳು. ಹೆಂಗಸರಿಗೆ ವ್ಯಾಕರಣ ಹತ್ತುವುದಿಲ್ಲವೆಂದು ಸುಮ್ಮನಾದೆ.

ಆ ಚಳಿಗಾಲ ಸದಾಶಿವ ಪೇಠೆಯ ಶಾಲೆಯೊಂದರ ಮೈದಾನದಲ್ಲಿ, ಕಟ್ಟಡದ ಸಹಾಯಾರ್ಥ, ಹೆಂಗಸರೆಲ್ಲ ಸೇರಿ ಫ್ಯಾನ್ಸಿ ಫೇರ್ ಎಂಬ ಜಾತ್ರೆ ನಡೆಸಿದರು. ಯಾರೂ ಕಂಡರಿಯದ ಕರಿದ ಸಿಹಿ ತರಬೇಕೆಂಬುದು ನಿಯಮ. ಒಬ್ಬಾಕೆ ಶ್ರೀಖಂಡವನ್ನು ಪೂರಿಯೊಳಗೆ ಮುಚ್ಚಿ ಕರಿಯುತ್ತಿದ್ದಳು. ಇನ್ನೊಬ್ಬಾಕೆ ಲೋಣಾವಳಾದ ಚಿಕ್ಕಿಯನ್ನು ಹಿಟ್ಟಿನಲ್ಲಿ ಅದ್ದಿ ಎಣ್ಣೆಗೆ ಬಿಟ್ಟಳು. ಅದು ಒಳಗೇ ಕರಗಿ ಢಬ್ ಎಂದಾಗ ನಾನು ಕಂಬದ ಹಿಂದೆ ಇದ್ದೆ. ನನ್ನವಳೂ ಒಂದು ಅಂಗಡಿ ಹಾಕಿದ್ದಳು; ನಮ್ಮದು ಬಾಳೆಹಣ್ಣು. ನಮ್ಮ ಪ್ರೈಮಸ್ ಸ್ಟೋವು ಯಾವಾಗ ಸಿಡಿಯುತ್ತದೋ ಎಂಬ ಭಯ ಒಂದು ಕಡೆ. ರಾವಸಾಹೇಬರು ಕುಟುಂಬ ಸಮೇತ ಬರುತ್ತಾರೆಂಬ ಭಯ ಇನ್ನೊಂದು ಕಡೆ.

“ಹಿಂಗ ಕಂಬಾ ಹಿಡದು ಯಾಕ ನಿಂತೀರಿ? ನಾಕ ಮಂದಿ ಬರೂಹಂಗ ಕೂಗ್ರಿ!” ಎಂದಳು ನನ್ನವಳು.

ಹೆದರಿದವನ ದನಿ ಬೇಕಾದ್ದಕ್ಕಿಂತ ದೊಡ್ಡದಾಗಿಯೇ ಬರುತ್ತದೆ. ತುಪ್ಪದಲ್ಲಿ ಕರಿದದ್ದು ಎಂಬುದಕ್ಕೆ ಪಕ್ಕದ ಅಂಗಡಿಯ ಕೂಗನ್ನೇ ಎತ್ತಿಕೊಂಡೆ. ಬಾಳೆಯ ಬಾಲ ಕತ್ತರಿಸಿದೆ. “ತುಪಾತ ತಳಲೇಲಂ ಬಾಳ! ಗರಮ ಗರಮ ಬಾಳ!”

ಮರಾಠಿಯಲ್ಲಿ ಬಾಳ ಎಂದರೆ ಕೂಸು ಎಂಬುದು ನನಗೆ ಗೊತ್ತಿರಲಿಲ್ಲ. ಹೀಗೆ ತುಪ್ಪದಲ್ಲಿ ಕರಿದ ಬಿಸಿಬಿಸಿ ಕೂಸುಗಳನ್ನು ಪುಣೆಯ ನಟ್ಟನಡುವೆ ಮಾರತೊಡಗಿದೆ. ತಾಯಂದಿರು ಮಕ್ಕಳನ್ನು ಸೆರಗಿನೊಳಗೆ ಎಳೆದುಕೊಂಡು ಹಿಂದೆ ಸರಿದರು. ದನಿ ಸಾಲದೆಂದು ನಾನು ಇನ್ನೂ ಕಿರುಚಿದೆ. ಸ್ಟೋವಿನ ಸದ್ದಿನಲ್ಲಿ ನನ್ನವಳಿಗೆ ಏನೂ ಕೇಳಿಸಲಿಲ್ಲ.

ಅಷ್ಟರಲ್ಲಿ ಆಗತಾನೇ ಟಾಂಗಾದಿಂದ ಇಳಿದ ರಾವಸಾಹೇಬರ ಹೆಂಡತಿ ನಮ್ಮ ಅಂಗಡಿಗೇ ಬಂದರು. ಎಲ್ಲರೂ ಬಾಈಸಾಹೇಬ ಎಂದು ಕರೆಯುವ ದೊಡ್ಡ ಹೆಂಗಸು. ತೋಳಿನಲ್ಲಿ ಗುಂಡಗಿನ ಮೊಮ್ಮಗ. ಬಗ್ಗಿ ನಮಸ್ಕಾರ ಮಾಡಿ, “ಬಾಳ ಫಾರ ಗೋಡ ಆಹೇ,” ಎಂದೆ. ಬಾಳೆ ಬಹಳ ಸಿಹಿಯಾಗಿದೆ ಎಂದು ನನ್ನ ಅರ್ಥ. ಕೂಸು ಬಹಳ ಮುದ್ದಾಗಿದೆ ಎಂದು ಅವರ ಅರ್ಥ. ಅವರು ಮೊಮ್ಮಗನ ಗಲ್ಲ ಸವರಿ ನಕ್ಕರು. ನನಗೆ ಧೈರ್ಯ ಬಂತು. ನನಗೆ ಧೈರ್ಯ ಬಂದಾಗಲೆಲ್ಲ ಅನಾಹುತವೇ. ಅರೆಬರೆ ಮರಾಠಿಯಲ್ಲಿ, ಕೈಸನ್ನೆ ಸಮೇತ, ಮಾಡುವ ರೀತಿಯನ್ನೆಲ್ಲ ವಿವರಿಸಿದೆ: ಮೊದಲು ಬಾಳದ ಹೊಟ್ಟೆ ಸೀಳುತ್ತೇವೆ, ಬೆಲ್ಲ ತುಂಬುತ್ತೇವೆ, ಆಮೇಲೆ ಕಾದ ತುಪ್ಪಕ್ಕೆ ಬಿಡುತ್ತೇವೆ; ಸಣ್ಣದಿದ್ದಷ್ಟೂ ರುಚಿ.

ಬಾಈಸಾಹೇಬರು ಚಿಟ್ಟನೆ ಚೀರಿದರು. ಕೂಸು ಅತ್ತಿತು. ರಾವಸಾಹೇಬರು ಓಡಿಬಂದರು, ಕೈ ಮೀಸೆಯ ಮೇಲಿತ್ತು. ನೌಕರಿ ಹೋಯಿತು, ಮುಂದಿನ ಗಾಡಿಗೆ ಧಾರವಾಡ ಎಂದುಕೊಂಡೆ. ಪಕ್ಕದ ಅಂಗಡಿಯಾಕೆ ವಿಷಯ ಹೇಳಿದಳೋ ಏನೋ, ನನ್ನವಳು ಗಾಬರಿಯಿಂದ ಎದ್ದು, “ಕೇಳಂ, ಬಾಈಸಾಹೇಬ, ಕೇಳಂ!” ಎನ್ನತೊಡಗಿದಳು. ಅವಳು ಕನ್ನಡದಲ್ಲಿ ಬೇಡಿಕೊಳ್ಳುತ್ತಿದ್ದಾಳೆಂದು ತಿಳಿದು ನಾನೂ ಕೈ ಮುಗಿದು, “ಕೇಳಮ್ಮಾ, ಕೇಳಮ್ಮಾ,” ಎಂದು ದನಿಗೂಡಿಸಿದೆ. ಆಮೇಲೆ ಅವಳ ಕೈಯಲ್ಲಿದ್ದ ಇಡೀ ಬಾಳೆಹಣ್ಣು ಕಂಡಿತು. ಕೇಳಂ ಎಂದರೆ ಮರಾಠಿಯಲ್ಲಿ ಬಾಳೆಹಣ್ಣಂತೆ. ನಳದ ಕಟ್ಟೆಯ ವಿದ್ಯೆ!

ಸೋಮವಾರ ರಾವಸಾಹೇಬರು ಕರೆದಾಗ ನಾನು ಮನೆದೇವರಿಗೆ ಹರಕೆ ಹೊತ್ತುಕೊಂಡೇ ಒಳಗೆ ಹೋದೆ. ಅವರು ನಗು ತಡೆಯಲು ಮೀಸೆ ಹಿಡಿದುಕೊಂಡಿದ್ದರು. ನಿನ್ನನ್ನು ಖಾಯಂ ಮಾಡಿದ್ದೇನೆ, ಆದರೆ ಹಳೆಯ ಕಾಗದದ ಕೋಣೆಯಲ್ಲಿ, ಅಲ್ಲಿ ಇಲಿಗಳ ಹೊರತು ಯಾರ ಜೊತೆಗೂ ಮಾತಾಡುವ ಪ್ರಸಂಗವಿಲ್ಲ ಎಂದರು. ಹರಕೆ ತೀರಿಸಿದೆ.

ಬಾಲ ಕತ್ತರಿಸುವುದನ್ನು ಅಂದೇ ಬಿಟ್ಟೆ. ಬಾಳ ಅಂದರೆ ಕೂಸು, ಕೇಳಂ ಅಂದರೆ ಬಾಳೆಹಣ್ಣು ಎಂದು ಇಲಿಗಳ ಮುಂದೆ ಬಾಯಿಪಾಠ ಮಾಡಿದೆ. ಕೆಲವು ವರ್ಷಗಳ ಮೇಲೆ ನಮಗೂ ಮಗ ಹುಟ್ಟಿದ. ತೊಟ್ಟಿಲಿಗೆ ಹಾಕುವ ದಿನ ಬಾಈಸಾಹೇಬರು ಬೆಳ್ಳಿಯ ಗಿಲಕಿ ಹಿಡಿದು ಬಂದರು. ಬಾಗಿಲಲ್ಲೇ ನಿಂತು ನಗುತ್ತ, “ಬಾಳ ಕುಠೇ ಆಹೇ?” ಎಂದು ಕೇಳಿದರು. ಕೂಸು ಎಲ್ಲಿ ಎಂದು ಕೇಳುತ್ತಿದ್ದಾರೆಂದು ನನಗೆ ಚೆನ್ನಾಗಿ ಗೊತ್ತಿತ್ತು. ಆದರೆ ಅಂಗೈ ಬೆವರಿತು, ಕೈ ತಾನಾಗಿಯೇ ಎದ್ದು ಅಡಿಗೆಮನೆಯನ್ನು ತೋರಿಸಿತು. ಒಳಗೆ ನಮ್ಮತ್ತೆ ಆಗತಾನೇ ಕಾದ ಬಾಣಲೆಗೆ ಏನನ್ನೋ ಬಿಟ್ಟರು.